ಇದರಾಗ ಏನೈತಿ? – ಖಾರಾ ಸ್ಕೋನ್ ಮತ್ತು ಅದರ ಹಿಂದಿನ ವಿಜ್ಞಾನ

ಈ ವರ್ಷ ನಮ್ಮ ಕಾಲೇಜಿನ ಆಹಾರ ಮೇಳದಲ್ಲಿ ನಮ್ಮ ತಂಡ ಖಾರಾ ಸ್ಕೋನ್ ಮಾಡಿ ಇಟ್ಟಿತ್ತು. ತಿಂದವರಲ್ಲಿ ಬಹಳ ಮಂದಿ ಮಾಡುವ ವಿಧಾನ ಕೇಳಿದರು. ಬರೀ ಅಳತೆ ಬರೆದುಕೊಟ್ಟರೆ ಅರ್ಧ ಪುಟ ಸಾಕು. ಆದರೆ ಅಳತೆ ಹಾಗೇಕೆ ಇದೆ ಎಂಬುದು ಗೊತ್ತಿದ್ದರೆ, ಮನೆಯಲ್ಲಿ ಇಲ್ಲದ ಸಾಮಾನಿನ ಬದಲು ಇನ್ನೊಂದನ್ನು ಧೈರ್ಯವಾಗಿ ಹಾಕಬಹುದು. ಎದುರಿಗೆ ನಿಂತವರು "ಇದರಾಗ ಏನೈತಿ?" ಎಂದು ಕೇಳಿದರೆ ತಡವರಿಸದೆ ಉತ್ತರ ಕೊಡಬಹುದು. ಆ ಪ್ರಶ್ನೆ ಎಷ್ಟು ದೊಡ್ಡದು ಎಂಬುದು ನನಗೆ ಆ ದಿನ ಗೊತ್ತಾಯಿತು. ಅದಕ್ಕೇ ಕಾರಣಗಳನ್ನೂ ಸೇರಿಸಿ ಬರೆಯುತ್ತಿದ್ದೇನೆ.

ನಾನು ದ್ವಿತೀಯ ಪಿಯುಸಿ ವಿಜ್ಞಾನ ವಿಭಾಗದವಳು. ನನ್ನ ಅಬ್ಬಾ ಬೆಟಗೇರಿಯ ಒಂದು ಬೇಕರಿಯಲ್ಲಿ ಭಟ್ಟಿ ನೋಡಿಕೊಳ್ಳುತ್ತಾರೆ. ನಾನಿಯ ಮನೆ ಲಕ್ಷ್ಮೇಶ್ವರದಲ್ಲಿ. ಈ ಲೇಖನದಲ್ಲಿ ಹಿಟ್ಟಿನ ವಿಷಯ ಅಬ್ಬಾರಿಂದ, ಮಾಂಸದ ವಿಷಯ ನಾನಿಯಿಂದ, ಉಳಿದದ್ದು ನಮ್ಮ ರಸಾಯನಶಾಸ್ತ್ರದ ಪುಸ್ತಕದಿಂದ ಬಂದದ್ದು ಎಂದುಕೊಳ್ಳಿ.

ಸ್ಕೋನ್ ಎಂದರೇನು?

ನಮ್ಮ ಊರಿನ ಬೇಕರಿಗಳಲ್ಲಿ ಖಾರಿ, ಟೋಸ್ಟ್, ನಾನಖಟಾಯಿ, ಖಾರಾ ಬಿಸ್ಕಿಟ್, ಬನ್ ಎಲ್ಲವೂ ಸಿಗುತ್ತವೆ. ಸ್ಕೋನ್ ಎಂದರೆ ಮಾತ್ರ "ಅದೇನ್ರಿ?" ಎನ್ನುವವರೇ ಹೆಚ್ಚು. ಅದು ಬನ್ನಿಗೂ ಬಿಸ್ಕಿಟಿಗೂ ನಡುವಿನ ತಿನಿಸು. ಹೊರಗೆ ತುಸು ಗಟ್ಟಿ, ಒಳಗೆ ಮೆತ್ತಗೆ, ಕೈಯಿಂದ ಮುರಿದರೆ ಪದರು ಪದರಾಗಿ ಬಿಚ್ಚಿಕೊಳ್ಳುತ್ತದೆ. ಬನ್ನಿನ ಹಿಟ್ಟಿಗೆ ಯೀಸ್ಟ್ ಹಾಕಿ ಗಂಟೆಗಟ್ಟಲೆ ಕಾಯಬೇಕು. ಸ್ಕೋನಿಗೆ ಯೀಸ್ಟ್ ಬೇಡ, ಕಾಯುವುದೂ ಬೇಡ. ಕಲಸಿದ ಅರ್ಧ ಗಂಟೆಯೊಳಗೆ ತಟ್ಟೆಗೆ ಬರುತ್ತದೆ.

ಇದರ ಮೂಲ ಸ್ಕಾಟ್ಲೆಂಡ್. 1513ರಲ್ಲಿ ಗೇವಿನ್ ಡಗ್ಲಸ್ ಎಂಬ ಕವಿ ವರ್ಜಿಲನ ಮಹಾಕಾವ್ಯವನ್ನು ಸ್ಕಾಟ್ಸ್ ಭಾಷೆಗೆ ತಂದಾಗ ಈ ಪದವನ್ನು ಬಳಸಿದ್ದಾನೆ. ಆ ಕಾಲದ ಸ್ಕೋನ್ ಉಬ್ಬಿದ ತಿನಿಸಾಗಿರಲಿಲ್ಲ. ಓಟ್ಸ್ ಅಥವಾ ಬಾರ್ಲಿ ಹಿಟ್ಟನ್ನು ತಟ್ಟಿ, ಕಬ್ಬಿಣದ ಹಂಚಿನ ಮೇಲೆ ಬೇಯಿಸಿದ ದಪ್ಪ ರೊಟ್ಟಿ ಅದು. ನಮ್ಮ ಜೋಳದ ರೊಟ್ಟಿಯ ದೂರದ ಬಂಧು ಎನ್ನಬಹುದು. ಭಟ್ಟಿಗೆ ಬಂದದ್ದು, ಉಬ್ಬಲು ಕಲಿತದ್ದು ಆಮೇಲೆ. 1843ರಲ್ಲಿ ಇಂಗ್ಲೆಂಡಿನ ಬರ್ಮಿಂಗ್‌ಹ್ಯಾಮಿನ ಆಲ್ಫ್ರೆಡ್ ಬರ್ಡ್ ಎಂಬ ರಸಾಯನಶಾಸ್ತ್ರಜ್ಞ ಬೇಕಿಂಗ್ ಪೌಡರ್ ತಯಾರಿಸಿದ. ಅವನ ಹೆಂಡತಿಗೆ ಯೀಸ್ಟ್ ಒಗ್ಗುತ್ತಿರಲಿಲ್ಲ, ಅವಳಿಗೂ ಮೆತ್ತನೆಯ ಬ್ರೆಡ್ ಸಿಗಲಿ ಎಂದು ಮಾಡಿದ್ದು ಅದು. ಇಂದು ಜಗತ್ತಿನ ಬಹಳಷ್ಟು ಬೇಕರಿಗಳಲ್ಲಿ ಅಂಥ ಪುಡಿ ಇದೆ.

ಸಿಹಿ ಸ್ಕೋನ್ ಚಹಾದ ಜೊತೆ ತಿನ್ನುವಂಥದ್ದು. ಖಾರಾ ಸ್ಕೋನಿನಲ್ಲಿ ಚೀಸ್, ಒಣ ಹಣ್ಣು, ಉಪ್ಪು ಹಾಕಿ ಕಾಪಿಟ್ಟ ಮಾಂಸ ಸೇರುತ್ತವೆ. ಹೊರದೇಶಗಳಲ್ಲಿ ಆ ಮಾಂಸ ಸಾಮಾನ್ಯವಾಗಿ ಹಂದಿಯದು. ಹ್ಯಾಮ್, ಬೇಕನ್ ಎಂದರೆ ಅದೇ. ಅದು ನಮಗೆ ಹರಾಮ್. ಆದರೆ ಮಾಂಸವನ್ನು ಕಾಪಿಡುವ ವಿದ್ಯೆ ನಮಗೆ ಹೊಸದಲ್ಲ. ಬಕ್ರೀದ್ ಮುಗಿದ ಮೇಲೆ ನಾನಿಯ ಮನೆಯ ಮಾಳಿಗೆಯ ಮೇಲೆ ಹಗ್ಗಕ್ಕೆ ತೂಗಾಡುವ ಕುರಿಮಾಂಸದ ಪಟ್ಟಿಗಳನ್ನು ಚಿಕ್ಕಂದಿನಿಂದ ನೋಡಿದ್ದೇನೆ. ನಮ್ಮ ಸ್ಕೋನಿಗೆ ಹಾಕಿದ್ದು ಅದನ್ನೇ.

ಹಿಟ್ಟು ಉಬ್ಬುವುದು ಹೇಗೆ?

ಅಡುಗೆ ಸೋಡಾ ಎಂದರೆ ಸೋಡಿಯಂ ಬೈಕಾರ್ಬೊನೇಟ್. ಅದು ಕ್ಷಾರ ಗುಣದ್ದು. ಮಜ್ಜಿಗೆಯಲ್ಲಿ ಲ್ಯಾಕ್ಟಿಕ್ ಆಮ್ಲ ಇರುತ್ತದೆ. ಎರಡೂ ಸೇರಿದರೆ ಸೋಡಿಯಂ ಲ್ಯಾಕ್ಟೇಟ್, ನೀರು ಮತ್ತು ಇಂಗಾಲದ ಡೈಆಕ್ಸೈಡ್ ಆಗುತ್ತವೆ. ಆ ಅನಿಲದ ಗುಳ್ಳೆಗಳೇ ಹಿಟ್ಟನ್ನು ಎತ್ತುವುದು.

ಮೋಲ್ ಲೆಕ್ಕ ಪರೀಕ್ಷೆಗಷ್ಟೇ ಎನ್ನುವ ಗೆಳತಿಯರಿಗೆ ಒಂದು ಲೆಕ್ಕ ಹೇಳುತ್ತೇನೆ. 84 ಗ್ರಾಂ ಸೋಡಾ 1 ಮೋಲ್. ಅರ್ಧ ಟೀ ಚಮಚ ಸೋಡಾ ಸುಮಾರು 2.5 ಗ್ರಾಂ ತೂಗುತ್ತದೆ, ಅಂದರೆ ಸುಮಾರು 0.03 ಮೋಲ್. ಸಾಕಷ್ಟು ಆಮ್ಲ ಸಿಕ್ಕರೆ ಅಷ್ಟರಿಂದಲೇ ಕೋಣೆಯ ಉಷ್ಣತೆಯಲ್ಲಿ ಮುಕ್ಕಾಲು ಲೀಟರಿನಷ್ಟು ಅನಿಲ ಹೊರಡುತ್ತದೆ. ಬೆರಳ ತುದಿಯ ಪುಡಿಗೆ ಅಷ್ಟು ಶಕ್ತಿ! ಆಮ್ಲ ಸಿಗದಿದ್ದರೆ ಬರೀ ಬಿಸಿಗೆ ಒಡೆದು ಅದರ ಅರ್ಧದಷ್ಟೇ ಅನಿಲ ಕೊಡುತ್ತದೆ, ಜೊತೆಗೆ ಸೋಡಿಯಂ ಕಾರ್ಬೊನೇಟನ್ನು ಅಂದರೆ ವಾಷಿಂಗ್ ಸೋಡಾವನ್ನು ಹಿಟ್ಟಿನಲ್ಲೇ ಬಿಟ್ಟುಬಿಡುತ್ತದೆ. ಸೋಡಾ ಹೆಚ್ಚಾದ ತಿನಿಸು ಸಾಬೂನಿನ ರುಚಿ ಬರುವುದು ಇದರಿಂದಲೇ.

ಇದನ್ನು ಕಣ್ಣಿಂದಲೇ ಪರೀಕ್ಷಿಸಬಹುದು. ಅರಿಶಿನ ನಮ್ಮ ಮನೆಯ ಸೂಚಕ. ಕ್ಷಾರ ತಾಗಿದರೆ ಹಳದಿಯಿಂದ ಕೆಂಪಗಾಗುತ್ತದೆ. ಅರಿಶಿನ ಹಚ್ಚಿ ಒಣಗಿಸಿದ ಮಾಂಸದ ಚೂರುಗಳ ಸುತ್ತ ಬೆಂದ ಸ್ಕೋನಿನಲ್ಲಿ ಕೆಂಪು ಕಲೆ ಕಂಡರೆ ಸೋಡಾ ಹೆಚ್ಚಾಗಿದೆ ಎಂದೇ ಅರ್ಥ. ಸರಿಯಾದ ಅಳತೆ ಇಷ್ಟು: ಅರ್ಧ ಕಪ್ ಹುಳಿ ಮಜ್ಜಿಗೆಗೆ ಕಾಲು ಟೀ ಚಮಚ ಸೋಡಾ.

ಉಳಿದ ಕೆಲಸ ಬೇಕಿಂಗ್ ಪೌಡರಿನದು. ಅದರಲ್ಲಿ ಸೋಡಾ, ಪುಡಿ ರೂಪದ ಆಮ್ಲ, ತೇವ ಹೀರಲು ಸ್ವಲ್ಪ ಪಿಷ್ಟ ಮೂರೂ ಇರುತ್ತವೆ. ಅಂಗಡಿಯಲ್ಲಿ ಸಿಗುವ ಹೆಚ್ಚಿನ ಬೇಕಿಂಗ್ ಪೌಡರ್ ಎರಡು ಸಲ ಕೆಲಸ ಮಾಡುತ್ತದೆ. ಒದ್ದೆಯಾದಾಗ ಒಮ್ಮೆ, ಭಟ್ಟಿಯ ಬಿಸಿ ತಾಗಿದಾಗ ಇನ್ನೊಮ್ಮೆ. ಮಜ್ಜಿಗೆ-ಸೋಡಾ ಜೋಡಿಗೆ ಮಾತ್ರ ತಾಳ್ಮೆ ಇಲ್ಲ. ಕಲಸಿದ ಕೂಡಲೇ ಅನಿಲ ಬಿಡಲು ಶುರು ಮಾಡುತ್ತದೆ. ಹಾಗಾಗಿ ಭಟ್ಟಿ ಮೊದಲು ಕಾಯಬೇಕು, ಹಿಟ್ಟು ಆಮೇಲೆ ಕಲಸಬೇಕು.

ಬೆಣ್ಣೆ ತಣ್ಣಗೆ, ಕೈ ಹಗುರ

ಗೋಧಿಯಲ್ಲಿ ಗ್ಲುಟೆನಿನ್, ಗ್ಲಿಯಾಡಿನ್ ಎಂಬ ಎರಡು ಪ್ರೋಟೀನುಗಳಿವೆ. ನೀರು ಸೇರಿಸಿ ನಾದಿದರೆ ಅವು ಹೆಣೆದುಕೊಂಡು ಗ್ಲುಟೆನ್ ಎಂಬ ರಬ್ಬರಿನಂಥ ಜಾಲವಾಗುತ್ತವೆ. ಚಪಾತಿಗೆ, ಬನ್ನಿಗೆ ಅದು ಬೇಕು. ಸ್ಕೋನಿಗೆ ಹೆಚ್ಚು ಬೇಡ. ಜೋಳದಲ್ಲಿ ಗ್ಲುಟೆನ್ ಇಲ್ಲವೇ ಇಲ್ಲ. ಅದಕ್ಕೇ ನಮ್ಮ ಅವ್ವಂದಿರು, ಅಮ್ಮಿಯರು ಜೋಳದ ಹಿಟ್ಟಿಗೆ ಕುದಿಯುವ ನೀರು ಹಾಕಿ ಪಿಷ್ಟವನ್ನೇ ಅಂಟು ಮಾಡಿಕೊಂಡು, ಲಟ್ಟಿಸದೆ ಕೈಯಿಂದ ಬಡಿಯುತ್ತಾರೆ. ಈ ವ್ಯತ್ಯಾಸವನ್ನು ಸ್ಕೋನಿನಲ್ಲಿ ಬಳಸಿಕೊಳ್ಳಬಹುದು. ಐದು ಪಾಲು ಹಿಟ್ಟಿನಲ್ಲಿ ಒಂದು ಪಾಲು ಎರೆ ಹೊಲದ ಬಿಳಿ ಜೋಳದ ಹಿಟ್ಟು ಬೆರೆಸಿದರೆ ಸ್ಕೋನ್ ಬಾಯಲ್ಲಿ ಹುಡಿಹುಡಿಯಾಗುತ್ತದೆ, ರುಚಿಯೂ ನಮ್ಮದೇ ಆಗುತ್ತದೆ.

ಗ್ಲುಟೆನನ್ನು ತಡೆಯುವ ಇನ್ನೊಂದು ದಾರಿ ಬೆಣ್ಣೆ. ಒಣ ಹಿಟ್ಟಿಗೆ ತಣ್ಣನೆಯ ಬೆಣ್ಣೆ ಹಾಕಿ ಬೆರಳ ತುದಿಯಿಂದ ಉಜ್ಜಿದರೆ ಹಿಟ್ಟಿನ ಕಣಗಳ ಮೇಲೆ ಜಿಡ್ಡಿನ ಪೊರೆ ಕೂರುತ್ತದೆ. ನೀರು ಒಳಗೆ ಹೋಗುವುದಿಲ್ಲ, ಜಾಲ ಬೆಳೆಯುವುದಿಲ್ಲ. ನಾನಖಟಾಯಿ ಬಾಯಲ್ಲಿ ಕರಗುವುದಕ್ಕೂ ಇದೇ ಕಾರಣ. ಕರಗದೆ ಉಳಿದ ಬೆಣ್ಣೆಯ ಚೂರುಗಳು ಭಟ್ಟಿಯಲ್ಲಿ ಕರಗಿ, ಅವುಗಳಲ್ಲಿರುವ ನೀರು ಆವಿಯಾಗುತ್ತದೆ. ನೀರು ಆವಿಯಾದಾಗ 1,600 ಪಟ್ಟಿಗೂ ಹೆಚ್ಚು ಜಾಗ ಬೇಡುತ್ತದೆ. ಆ ಆವಿ ಹಿಟ್ಟನ್ನು ಪದರು ಪದರಾಗಿ ಎತ್ತುತ್ತದೆ. ಕೈಯ ಬಿಸಿಗೆ ಬೆಣ್ಣೆ ಮೊದಲೇ ಕರಗಿದರೆ ಪದರು ಬರುವುದಿಲ್ಲ. ನಮ್ಮ ಕಡೆ ಏಪ್ರಿಲ್-ಮೇ ತಿಂಗಳಲ್ಲಿ ಮಾಡುವುದಾದರೆ ಹಿಟ್ಟನ್ನೂ ಒಂದು ಗಂಟೆ ಫ್ರಿಜ್‌ನಲ್ಲಿ ಇಡಿ. ಅಬ್ಬಾ ಒಂದೇ ಮಾತಿನಲ್ಲಿ ಹೇಳುವುದು: "ಬನ್ನಿನ ಹಿಟ್ಟು ಕುಸ್ತಿ ಕೇಳ್ತದ, ಇದು ಕೇಳೂದಿಲ್ಲ ಬೇಟಾ."

ಒಣ ಮಾಂಸ: ನಾನಿಯ ವಿದ್ಯೆ

ಖಾರಾ ಸ್ಕೋನಿಗೆ ಸೇರುವ ಮೂರೂ ವಸ್ತುಗಳನ್ನು ಒಟ್ಟಿಗೆ ನೋಡಿ. ಒಣ ದ್ರಾಕ್ಷಿ, ಒಣ ಮಾಂಸ, ಚೀಸ್. ಮೂರೂ ಬೇಗ ಕೆಡುವ ವಸ್ತುಗಳು, ನೀರು ತೆಗೆದು ಕಾಪಿಟ್ಟಂಥವು. ಬ್ಯಾಕ್ಟೀರಿಯಾಗಳಿಗೆ ಆಹಾರಕ್ಕಿಂತ ಮೊದಲು ಬೇಕಾದದ್ದು ನೀರು. ಆಹಾರದಲ್ಲಿ ಅವುಗಳ ಬಳಕೆಗೆ ಸಿಗುವ ನೀರನ್ನು ವಿಜ್ಞಾನಿಗಳು 0ಯಿಂದ 1ರ ಅಳತೆಯಲ್ಲಿ ಹೇಳುತ್ತಾರೆ. ಶುದ್ಧ ನೀರು 1. ಹಸಿ ಮಾಂಸ ಸುಮಾರು 0.99. ಹೆಚ್ಚಿನ ಬ್ಯಾಕ್ಟೀರಿಯಾಗಳು 0.91ಕ್ಕಿಂತ ಕೆಳಗೆ ಬೆಳೆಯಲಾರವು. ಆಹಾರ ವಿಷವಾಗಿಸುವ ಸ್ಟೆಫಿಲೋಕಾಕಸ್ ಮಾತ್ರ 0.86ರ ತನಕ ಹಟ ಹಿಡಿಯುತ್ತದೆ. ಹಾಗಾಗಿ ಒಣ ಮಾಂಸ 0.85ಕ್ಕೆ ಇಳಿದರೆ ಉಳಿಯುತ್ತದೆ. ಉಪ್ಪು ಎರಡು ರೀತಿಯಲ್ಲಿ ಸಹಾಯ ಮಾಡುತ್ತದೆ. ಪರಾಸರಣದಿಂದ ಮಾಂಸದ ನೀರನ್ನು ಹೊರಗೆಳೆಯುತ್ತದೆ, ಒಳಗೆ ಉಳಿದ ನೀರನ್ನು ತಾನೇ ಹಿಡಿದುಕೊಂಡು ಬ್ಯಾಕ್ಟೀರಿಯಾಗಳಿಗೆ ಸಿಗದಂತೆ ಮಾಡುತ್ತದೆ.

ನಾನಿ ಮಾಡುವ ಕ್ರಮ ಹೀಗಿದೆ. ಕೊಬ್ಬು ಪೂರ್ತಿ ತೆಗೆಯುತ್ತಾರೆ, ಏಕೆಂದರೆ ಕೊಬ್ಬು ಒಣಗುವುದಿಲ್ಲ, ಕಮಟು ಹಿಡಿಯುತ್ತದೆ. ಮಾಂಸವನ್ನು ಬೆರಳಿಗಿಂತ ತೆಳುವಾಗಿ ಉದ್ದುದ್ದ ಪಟ್ಟಿ ಕೊಯ್ಯುತ್ತಾರೆ. ಉಪ್ಪು, ಅರಿಶಿನ, ಶುಂಠಿ-ಬೆಳ್ಳುಳ್ಳಿ, ಬ್ಯಾಡಗಿ ಮೆಣಸಿನ ಪುಡಿ ಹಚ್ಚಿ ಒಂದು ರಾತ್ರಿ ಇಟ್ಟು, ಮರುದಿನ ಹಗ್ಗಕ್ಕೆ ಹಾಕಿ, ಮೇಲೆ ತೆಳು ಬಟ್ಟೆ ಮುಚ್ಚುತ್ತಾರೆ. ಕಪ್ಪತಗುಡ್ಡದ ಮೇಲೆ ಗಾಳಿಯಂತ್ರ ತಿರುಗಿಸುವ ಈ ಸೀಮೆಯ ಗಾಳಿ ಬಿಸಿಲಿನಷ್ಟೇ ಕೆಲಸ ಮಾಡುತ್ತದೆ. ಮೂರು-ನಾಲ್ಕು ದಿನಕ್ಕೆ ಪಟ್ಟಿ ಬಾಗಿಸಿದರೆ ಲಟಕ್ಕೆಂದು ಮುರಿಯಬೇಕು.

ಈ ವಿದ್ಯೆ ಎಷ್ಟು ಹಳೆಯದೆಂದರೆ ಅದು ಕ್ಯಾಲೆಂಡರಿನಲ್ಲೇ ಸೇರಿಹೋಗಿದೆ. ಜುಲ್‌ಹಿಜ್ಜಾ ತಿಂಗಳ 11, 12, 13ನೇ ದಿನಗಳಿಗೆ ತಶ್ರೀಖ್‌ನ ದಿನಗಳು ಎಂದು ಹೆಸರು. ಕುರ್ಬಾನಿಯ ಮಾಂಸವನ್ನು ಪಟ್ಟಿ ಕೊಯ್ದು ಬಿಸಿಲಿಗೆ ಹರವುತ್ತಿದ್ದುದರಿಂದ ಆ ಹೆಸರು ಬಂತೆಂಬ ವಿವರಣೆ ಅರಬ್ಬಿ ಪಂಡಿತರಲ್ಲಿದೆ. ಹದೀಸಿನಲ್ಲೂ ಈ ವಿಷಯ ಬರುತ್ತದೆ. ಜನ ಕಷ್ಟದಲ್ಲಿದ್ದ ಒಂದು ವರ್ಷ ಕುರ್ಬಾನಿ ಮಾಂಸವನ್ನು ಮೂರು ದಿನಕ್ಕಿಂತ ಹೆಚ್ಚು ಇಟ್ಟುಕೊಳ್ಳಬಾರದೆಂದು ಪ್ರವಾದಿಯವರು (ಸ) ಹೇಳಿದ್ದರು. ಕಷ್ಟ ಕಳೆದ ಮೇಲೆ ತಿನ್ನಲು, ಹಂಚಲು, ಕೂಡಿಡಲು ಅನುಮತಿ ಕೊಟ್ಟರು. ಮೊದಲು ಹಂಚುವುದು, ಆಮೇಲೆ ಒಣಗಿಸುವುದು ಎಂದು ನಾನಿ ಹೇಳುವುದಕ್ಕೆ ಇದೇ ಆಧಾರ.

ಒಂದು ಎಚ್ಚರಿಕೆ. ಚಾಂದ್ರಮಾನ ವರ್ಷ ಸೌರವರ್ಷಕ್ಕಿಂತ ಸುಮಾರು 11 ದಿನ ಚಿಕ್ಕದು. ಆದ್ದರಿಂದ 2018ರಲ್ಲಿ ಆಗಸ್ಟ್ 22ಕ್ಕೆ ಬಂದ ಬಕ್ರೀದ್ 2025ರಲ್ಲಿ ಜೂನ್ 7ಕ್ಕೆ ಬಂತು. ಮಳೆಗಾಲದಲ್ಲಿ ಹಬ್ಬ ಬಂದರೆ ಮಾಂಸ ಒಣಗುವ ಮೊದಲು ಕೊಳೆಯಲು ಶುರುವಾಗಬಹುದು. ಅಂಥ ದಿನಗಳಲ್ಲಿ ಬಿಸಿಲನ್ನು ನಂಬದೆ, ಮಾಂಸವನ್ನು ಮೊದಲು ಒಳಗಿನ ಉಷ್ಣತೆ 71 ಡಿಗ್ರಿ ಸೆಲ್ಸಿಯಸ್ ಮುಟ್ಟುವಂತೆ ಬೇಯಿಸಿ, ಆಮೇಲೆ ಕಡಿಮೆ ಬಿಸಿಯ ಭಟ್ಟಿಯಲ್ಲಿ ಒಣಗಿಸುವುದು ಕ್ಷೇಮ. ಒಣಗಿಸುವುದರಿಂದ ರೋಗಾಣುಗಳು ಬೆಳೆಯುವುದು ನಿಲ್ಲುತ್ತದೆ, ಎಲ್ಲವೂ ಸಾಯುವುದಿಲ್ಲ. ಆದ್ದರಿಂದ ಒಣ ಮಾಂಸವನ್ನು ಸ್ಕೋನಿಗೆ ಹಾಕುವ ಮೊದಲು ನೆನೆಸಿ, ಚೆನ್ನಾಗಿ ಕುದಿಸಲೇಬೇಕು.

ನಮ್ಮಲ್ಲಿ ಕೆಲವರಿಗೆ ಈ ಮಾಂಸವನ್ನು ಡಬ್ಬಿಯಲ್ಲಿ ತರಲು ನಾಚಿಕೆ. ವಾಸನೆ, ಬಡವರ ಊಟ ಎಂಬ ಭಾವನೆ. ಇದೇ ತತ್ವದ ಮೇಲೆ ಟರ್ಕಿಯವರು ಪಾಸ್ತಿರ್ಮಾ ಮಾಡುತ್ತಾರೆ, ದಕ್ಷಿಣ ಆಫ್ರಿಕಾದವರು ಬಿಲ್ಟಾಂಗ್ ಮಾಡುತ್ತಾರೆ, ಎರಡಕ್ಕೂ ಜಗತ್ತಿನಲ್ಲಿ ಒಳ್ಳೆಯ ಬೆಲೆ ಇದೆ. ಮನೆಮನೆಗೆ ಫ್ರೀಜರ್ ಬಂದ ಮೇಲೆ ಒಣಗಿಸುವವರು ಕಡಿಮೆಯಾಗುತ್ತಿದ್ದಾರೆ. ನಿಮ್ಮ ಮನೆಯಲ್ಲಿ ಗೊತ್ತಿರುವ ಹಿರಿಯರಿದ್ದರೆ ಒಮ್ಮೆ ಕೂತು ಕೇಳಿ ಬರೆದಿಟ್ಟುಕೊಳ್ಳಿ.

ಒಣ ಹಣ್ಣು

ಬಾಗಲಕೋಟೆ ದಾಟಿದರೆ ವಿಜಯಪುರ, ದ್ರಾಕ್ಷಿಯ ಜಿಲ್ಲೆ. ದ್ರಾಕ್ಷಿಯ ಸಿಪ್ಪೆಯ ಮೇಲೆ ಮೇಣದ ತೆಳು ಪದರ ಇರುತ್ತದೆ. ಅದು ನೀರು ಹೊರಗೆ ಹೋಗಲು ಬಿಡುವುದಿಲ್ಲ. ಅಲ್ಲಿನ ರೈತರು ಹಣ್ಣನ್ನು ಪೊಟ್ಯಾಸಿಯಂ ಕಾರ್ಬೊನೇಟ್ ಮತ್ತು ಡಿಪ್ಪಿಂಗ್ ಆಯಿಲ್ ಬೆರೆಸಿದ ನೀರಿನಲ್ಲಿ ಅದ್ದಿ, ನೆರಳಿನ ಶೆಡ್ಡಿನಲ್ಲಿ ಬಲೆಯ ಮೇಲೆ ಹರವುತ್ತಾರೆ. ಆ ದ್ರಾವಣ ಮೇಣದ ಪದರವನ್ನು ಸಡಿಲಿಸುತ್ತದೆ, ನೀರು ಬೇಗ ಹೊರಬೀಳುತ್ತದೆ, ಬಣ್ಣವೂ ಕಪ್ಪಾಗದೆ ಉಳಿಯುತ್ತದೆ. ಒಣದ್ರಾಕ್ಷಿಯಲ್ಲಿ ಸಿಗುವ ನೀರು ಸುಮಾರು 0.6 ಮಾತ್ರ. ಮಾಂಸದಲ್ಲಿ ಉಪ್ಪು ಮಾಡುವ ಕೆಲಸವನ್ನು ಇಲ್ಲಿ ಹಣ್ಣಿನ ಸಕ್ಕರೆಯೇ ಮಾಡುತ್ತದೆ.

ಖಾರದ ತಿನಿಸಿಗೆ ಸಿಹಿ ಹಣ್ಣು ಯಾಕೆ ಎಂದು ಕೇಳಬಹುದು. ಬಿರಿಯಾನಿಯಲ್ಲಿ ದ್ರಾಕ್ಷಿ ಸಿಕ್ಕಾಗ, ಗಿರ್ಮಿಟ್ಟಿನಲ್ಲಿ ಹುಣಸೆಹುಳಿಯ ಜೊತೆ ಸಿಹಿ ತಾಗಿದಾಗ ನಾವು ಯಾರೂ ಕೇಳುವುದಿಲ್ಲ. ಉಪ್ಪು ಹೆಚ್ಚಿರುವ ಮಾಂಸ, ಚೀಸ್ ಎರಡನ್ನೂ ಹಿಡಿತದಲ್ಲಿಡಲು ಸಿಹಿ-ಹುಳಿ ಬೇಕು. ದ್ರಾಕ್ಷಿ ಇಲ್ಲದಿದ್ದರೆ ಉತ್ತತ್ತಿಯನ್ನು ಸಣ್ಣಗೆ ಹೆಚ್ಚಿ ಹಾಕಬಹುದು. ರಮಜಾನಿನಲ್ಲಿ ಉಳಿದ ಖಜೂರವೂ ಆಗುತ್ತದೆ, ಆದರೆ ಅದು ಮೆತ್ತಗಿರುವುದರಿಂದ ಮಜ್ಜಿಗೆಯನ್ನು ಒಂದೆರಡು ಚಮಚ ಕಡಿಮೆ ಮಾಡಿ.

ಚೀಸ್ ಮತ್ತು ಹಸಿರು ಚುಕ್ಕೆ

ಹಾಲಿನಲ್ಲಿ ನೂರಕ್ಕೆ 87ರಷ್ಟು ನೀರು. ಹತ್ತು ಲೀಟರ್ ಹಾಲಿನಿಂದ ಒಂದು ಕಿಲೋದಷ್ಟು ಚೆಡ್ಡಾರ್ ಚೀಸ್ ಬರುತ್ತದೆ. ಹಾಲನ್ನು ಗಟ್ಟಿ ಮಾಡಲು ರೆನೆಟ್ ಎಂಬ ಕಿಣ್ವವನ್ನು ಬಳಸುತ್ತಾರೆ. ನಿಂಬೆರಸ ಹಾಕಿ ಒಡೆದ ಪನೀರ್ ಬಿಸಿಗೆ ಕರಗುವುದಿಲ್ಲ, ರೆನೆಟ್ ಹಾಕಿದ ಚೀಸ್ ಕರಗಿ ಹರಿಯುತ್ತದೆ. ಆಮ್ಲ ಹಾಕಿದಾಗ ಹಾಲಿನ ಪ್ರೋಟೀನುಗಳನ್ನು ಸಡಿಲವಾಗಿ ಹಿಡಿದಿದ್ದ ಕ್ಯಾಲ್ಸಿಯಂ ಹೊರಟುಹೋಗುತ್ತದೆ, ಪ್ರೋಟೀನುಗಳು ಒಂದಕ್ಕೊಂದು ಬಿಗಿದುಕೊಳ್ಳುತ್ತವೆ. ಆದ್ದರಿಂದ ಸ್ಕೋನಿಗೆ ಪನೀರ್ ಹಾಕಿದರೆ ಗಟ್ಟಿ ತುಂಡಾಗಿಯೇ ಉಳಿಯುತ್ತದೆ. ಅದೂ ರುಚಿಯೇ, ಆದರೆ ಬೇರೆ ರುಚಿ.

ರೆನೆಟ್ ಸಾಂಪ್ರದಾಯಿಕವಾಗಿ ಕರುವಿನ ಹೊಟ್ಟೆಯಿಂದ ತೆಗೆದದ್ದು. ಆದ್ದರಿಂದ ಸಸ್ಯಾಹಾರಿಗಳಿಗೂ ನಮಗೂ ಇಲ್ಲಿ ಪ್ರಶ್ನೆ ಏಳುತ್ತದೆ. ಈಗ ಸೂಕ್ಷ್ಮಜೀವಿಗಳಿಂದ ತಯಾರಿಸಿದ ರೆನೆಟ್ ಬಂದಿದೆ. ಪೊಟ್ಟಣದ ಮೇಲೆ ಹಸಿರು ಚುಕ್ಕೆ ಇದ್ದರೆ ಪ್ರಾಣಿಯ ಹೊಟ್ಟೆಯ ರೆನೆಟ್ ಬಳಸಿರುವಂತಿಲ್ಲ. ಕಂದು ಬಣ್ಣದ ತ್ರಿಕೋನ ಇದ್ದರೆ ಅದು ಮಾಂಸಾಹಾರ. ಆದರೆ ಹಸಿರು ಚುಕ್ಕೆ ಎಲ್ಲವನ್ನೂ ಹೇಳುವುದಿಲ್ಲ. ಎಸೆನ್ಸ್‌ನಲ್ಲಿ ಮದ್ಯಸಾರ ಇದೆಯೇ ಇಲ್ಲವೇ ಎಂದು ಅದರಿಂದ ತಿಳಿಯದು. ಮಾಂಸದ ಪೊಟ್ಟಣವಾದರೆ ಯಾವ ಪ್ರಾಣಿ, ಹಲಾಲ್ ಹೌದೇ ಎಂಬುದನ್ನು ಹಿಂಬದಿಯ ಸಣ್ಣ ಅಕ್ಷರದಲ್ಲಿ ಹುಡುಕಿ ಓದಬೇಕು. ಓದಿ ತಿಳಿಯದಿದ್ದರೆ ಕೊಳ್ಳದಿರುವುದೇ ಸರಿ.

ಬೇಕಾಗುವ ಸಾಮಾನು (10 ಸ್ಕೋನಿಗೆ)

ಮೈದಾ 200 ಗ್ರಾಂ, ಜೋಳದ ಹಿಟ್ಟು 50 ಗ್ರಾಂ, ಬೇಕಿಂಗ್ ಪೌಡರ್ 2 ಟೀ ಚಮಚ, ಅಡುಗೆ ಸೋಡಾ ಕಾಲು ಟೀ ಚಮಚ, ಉಪ್ಪು ಕಾಲು ಟೀ ಚಮಚ, ಬ್ಯಾಡಗಿ ಮೆಣಸಿನ ಪುಡಿ 1 ಟೀ ಚಮಚ, ಕುಟ್ಟಿದ ಕಾಳುಮೆಣಸು ಅರ್ಧ ಟೀ ಚಮಚ, ತಣ್ಣನೆಯ ಬೆಣ್ಣೆ 60 ಗ್ರಾಂ, ತುರಿದ ಚೀಸ್ 75 ಗ್ರಾಂ (25 ಗ್ರಾಂನ ಮೂರು ಕ್ಯೂಬ್), ಒಣ ಮಾಂಸ 40 ಗ್ರಾಂ, ಒಣದ್ರಾಕ್ಷಿ 40 ಗ್ರಾಂ, ಗಟ್ಟಿ ಹುಳಿ ಮಜ್ಜಿಗೆ 130ರಿಂದ 150 ಮಿಲಿ ಲೀಟರ್. ಮೊಟ್ಟೆ ಬೇಡ.

ಉಪ್ಪು ಕಡಿಮೆಯಾಯಿತು ಅನಿಸಬಹುದು. ಚೀಸ್, ಮಾಂಸ ಎರಡರಲ್ಲೂ ಉಪ್ಪಿದೆ ಎಂಬುದನ್ನು ಮರೆಯಬೇಡಿ.

ಮಾಡುವ ವಿಧಾನ

1. ಒಣ ಮಾಂಸವನ್ನು ಅರ್ಧ ಗಂಟೆ ಬಿಸಿನೀರಿನಲ್ಲಿ ನೆನೆಸಿ, ಆ ನೀರು ಚೆಲ್ಲಿ, ಹೊಸ ನೀರಿನಲ್ಲಿ 20 ನಿಮಿಷ ಕುದಿಸಿ. ಎಳೆ ಎಳೆಯಾಗಿ ಬಿಡಿಸಿ, ತವೆಯ ಮೇಲೆ ಚೂರು ತುಪ್ಪ ಹಾಕಿ ಹುರಿದು, ಪೂರ್ತಿ ಆರಲು ಬಿಡಿ. ಬಿಸಿ ಮಾಂಸ ಹಾಕಿದರೆ ಬೆಣ್ಣೆ ಕರಗುತ್ತದೆ.

2. ದ್ರಾಕ್ಷಿಯನ್ನು 10 ನಿಮಿಷ ಬೆಚ್ಚನೆಯ ನೀರಿನಲ್ಲಿ ನೆನೆಸಿ, ಬಟ್ಟೆಯಿಂದ ಒರೆಸಿ. ನೆನೆಸದೆ ಹಾಕಿದರೆ ಅದು ಹಿಟ್ಟಿನ ನೀರನ್ನು ಹೀರುತ್ತದೆ, ಹೊರಗೆ ಇಣುಕಿದ ಹಣ್ಣು ಸುಟ್ಟು ಕಹಿಯಾಗುತ್ತದೆ.

3. ಓವನ್ನನ್ನು 220 ಡಿಗ್ರಿಗೆ ಕಾಯಲು ಇಡಿ.

4. ಒಣ ಸಾಮಾನೆಲ್ಲ ಜರಡಿ ಹಿಡಿದು, ಬೆಣ್ಣೆಯನ್ನು ಚೂರು ಮಾಡಿ ಹಾಕಿ, ಬೆರಳ ತುದಿಯಿಂದ ರವೆಯಂತಾಗುವ ತನಕ ಉಜ್ಜಿ. ಅಲ್ಲಲ್ಲಿ ಬಟಾಣಿ ಗಾತ್ರದ ಬೆಣ್ಣೆ ಉಳಿದರೆ ಒಳ್ಳೆಯದೇ.

5. ಚೀಸ್, ಮಾಂಸ, ದ್ರಾಕ್ಷಿ ಬೆರೆಸಿ. ನಡುವೆ ಗುಂಡಿ ಮಾಡಿ ಮಜ್ಜಿಗೆ ಹಾಕಿ, ಚಮಚದಿಂದ ಹತ್ತು-ಹನ್ನೆರಡು ಸಲ ತಿರುವಿ. ಹಿಟ್ಟು ಸ್ವಲ್ಪ ಅಂಟಂಟಾಗಿ, ಒರಟಾಗಿ ಇರಬೇಕು. ನಾದಬೇಡಿ.

6. ಹಿಟ್ಟು ಉದುರಿಸಿದ ಮಣೆಯ ಮೇಲೆ ಹಾಕಿ, ಒಮ್ಮೆ ಮಡಚಿ, ಎರಡೂವರೆ ಸೆಂಟಿಮೀಟರ್ ದಪ್ಪಕ್ಕೆ ಕೈಯಿಂದ ತಟ್ಟಿ. ತೆಳು ಅಂಚಿನ ಸ್ಟೀಲ್ ಲೋಟದಿಂದ ನೇರವಾಗಿ ಒತ್ತಿ ಕತ್ತರಿಸಿ. ಲೋಟವನ್ನು ತಿರುಗಿಸಿದರೆ ಅಂಚಿನ ಪದರುಗಳು ಅಂಟಿಕೊಂಡು ಸ್ಕೋನ್ ಒಂದು ಕಡೆ ವಾಲುತ್ತದೆ.

7. ಮೇಲೆ ಹಾಲು ಸವರಿ 15ರಿಂದ 18 ನಿಮಿಷ ಬೇಯಿಸಿ. ಹಾಲಿನ ಪ್ರೋಟೀನು ಮತ್ತು ಸಕ್ಕರೆ ಬಿಸಿಗೆ ಸೇರಿ ಕಂದು ಬಣ್ಣ, ಘಮ ಎರಡನ್ನೂ ಕೊಡುತ್ತವೆ. 1912ರಲ್ಲಿ ಫ್ರಾನ್ಸಿನ ಲೂಯಿ ಕಾಮಿಲ್ ಮೇಯಾರ್ ವಿವರಿಸಿದ ಈ ಕ್ರಿಯೆಗೆ ಅವನದೇ ಹೆಸರಿದೆ.

ಓವನ್ ಇಲ್ಲದವರಿಗೆ

ನಮ್ಮಲ್ಲಿ ಬಹುತೇಕರ ಮನೆಯಲ್ಲಿ ಓವನ್ ಇಲ್ಲ. ಮೂರು ದಾರಿಗಳಿವೆ. ದಪ್ಪ ತಳದ ಪಾತ್ರೆಗೆ ಉಪ್ಪು ಹರವಿ, ಒಳಗೆ ಸ್ಟ್ಯಾಂಡ್ ಇಟ್ಟು, ಮುಚ್ಚಿ 15 ನಿಮಿಷ ಕಾಯಿಸಿ, ತಟ್ಟೆಯನ್ನು ಒಳಗಿಟ್ಟು 25 ನಿಮಿಷ ಬೇಯಿಸುವುದು ಒಂದು. ಹಿಟ್ಟನ್ನು ಒಂದೂವರೆ ಸೆಂಟಿಮೀಟರ್ ದಪ್ಪಕ್ಕೆ ತಟ್ಟಿ, ರೊಟ್ಟಿಯ ಹಂಚಿನ ಮೇಲೆ ಸಣ್ಣ ಉರಿಯಲ್ಲಿ ಮುಚ್ಚಳ ಮುಚ್ಚಿ ಎರಡೂ ಬದಿ ಏಳೇಳು ನಿಮಿಷ ಬೇಯಿಸುವುದು ಇನ್ನೊಂದು. ಐನೂರು ವರ್ಷದ ಹಿಂದಿನ ಸ್ಕೋನ್ ಹಂಚಿನ ಮೇಲೆಯೇ ಬೆಂದದ್ದು, ಆದ್ದರಿಂದ ಇದನ್ನು ಎರಡನೇ ದರ್ಜೆಯ ವಿಧಾನ ಎಂದುಕೊಳ್ಳಬೇಡಿ.

ಮೂರನೆಯದು ಭಟ್ಟಿ. ಈದ್ ಹತ್ತಿರ ಬಂದಾಗ ಮನೆಯಿಂದ ಮೈದಾ, ಸಕ್ಕರೆ, ತುಪ್ಪ ಒಯ್ದು, ಕೂಲಿ ಕೊಟ್ಟು ಬೇಕರಿಯಲ್ಲಿ ನಾನಖಟಾಯಿ ಮಾಡಿಸಿಕೊಂಡು ಬರುವುದು ನಮ್ಮ ಕಡೆ ಗೊತ್ತಿರುವ ರೂಢಿ. ದೀಪಾವಳಿಗೆ ಹಿಂದೂ ಮನೆಗಳಿಂದಲೂ ಡಬ್ಬಿಗಳು ಬರುತ್ತವೆ. ಬ್ರೆಡ್ ತೆಗೆದ ಮೇಲೆ ಭಟ್ಟಿಯಲ್ಲಿ ಉಳಿಯುವ ಬಿಸಿ ಸ್ಕೋನಿಗೆ ಹೇಳಿ ಮಾಡಿಸಿದಂತಿರುತ್ತದೆ. ಪರಿಚಯದ ಬೇಕರಿಯವರನ್ನು ಮೊದಲೇ ಕೇಳಿಕೊಂಡು, ಹಿಟ್ಟಿಗೆ ಮಜ್ಜಿಗೆಯನ್ನು ಅಲ್ಲಿಯೇ ಹಾಕಿ ಕಲಸಿ.

ಎರಡು ಟ್ರೇ

ನಮ್ಮ ತರಗತಿಯಲ್ಲಿ ಮಾಂಸ, ಮೊಟ್ಟೆ ಮುಟ್ಟದ ಮನೆಗಳಿಂದ ಬಂದವರು ಹಲವರಿದ್ದಾರೆ. ಶಿರಹಟ್ಟಿ, ಮುಂಡರಗಿ ಕಡೆಯಿಂದ ದಿನಾ ಬಸ್ಸಿಗೆ ಬರುವ ನನ್ನ ಗೆಳತಿಯರೂ ಅವರಲ್ಲಿದ್ದಾರೆ. ಅವರಿಗಾಗಿ ಬೇರೆ ಟ್ರೇ ಮಾಡಿದೆವು. ಮಾಂಸದ ಜಾಗದಲ್ಲಿ ಹುರಿದು ಪುಡಿ ಮಾಡಿದ ಮಜ್ಜಿಗೆ ಮೆಣಸಿನಕಾಯಿ ಮತ್ತು ಶೇಂಗಾ. ಮಜ್ಜಿಗೆ ಮೆಣಸಿನಕಾಯಿಯೂ ಉಪ್ಪು ಹಾಕಿ ಬಿಸಿಲಿಗೆ ಒಣಗಿಸಿದ್ದೇ ತಾನೆ? ತತ್ವ ಒಂದೇ, ವಸ್ತು ಬೇರೆ.

ಮೇಳದಲ್ಲಿ ಒಬ್ಬ ಗೆಳತಿ ಟ್ರೇ ಮುಂದೆ ನಿಂತು ಕೇಳಿದಳು:

"ಇದರಾಗ ಏನೈತಿ?"

"ಚೀಸ್, ದ್ರಾಕ್ಷಿ, ಮಜ್ಜಿಗೆ ಮೆಣಸಿನಕಾಯಿ, ಶೇಂಗಾ. ತತ್ತಿ ಇಲ್ಲ."

"ಚಾಕು?"

"ಬ್ಯಾರೆ. ಟ್ರೇ, ಬೋಗುಣಿನೂ ಬ್ಯಾರೆ. ಇದನ್ನ ಮೊದಲ ಬೇಯಿಸೇವಿ, ಅದನ್ನ ಆಮ್ಯಾಗ."

ಅವಳು ಮತ್ತೇನೂ ಕೇಳದೆ ಒಂದು ಎತ್ತಿಕೊಂಡಳು. ಅವಳು ಕೇಳಿದ್ದು ನನಗೆ ಸ್ವಲ್ಪವೂ ಬೇಸರವಾಗಲಿಲ್ಲ. ಅದೇ ಪ್ರಶ್ನೆಯನ್ನು ನಾನು ಪೇಟೆಯ ಪ್ರತಿ ಬೇಕರಿಯಲ್ಲೂ, ಪ್ರತಿ ಪೊಟ್ಟಣಕ್ಕೂ ಕೇಳುತ್ತೇನೆ. ಕೇಳುವ ಹಕ್ಕು ನನಗಿದ್ದ ಮೇಲೆ ಅವಳಿಗೂ ಇದೆ. ಉತ್ತರ ನಿಜವಾಗಿರಬೇಕಾದರೆ ಮಾಡುವವರು ಮೊದಲಿನಿಂದಲೇ ಲೆಕ್ಕ ಇಟ್ಟಿರಬೇಕು. ಸಸ್ಯಾಹಾರಿ ಟ್ರೇ ಮೊದಲು, ಬೇರೆ ಪಾತ್ರೆ, ಬೇರೆ ಇಕ್ಕುಳ, ದೊಡ್ಡ ಅಕ್ಷರದ ಚೀಟಿ. ಚೀಟಿಯಲ್ಲಿ ಶೇಂಗಾ ಎಂದು ಬರೆಯುವುದನ್ನು ಮರೆಯಬೇಡಿ, ಶೇಂಗಾ ಒಗ್ಗದವರೂ ಇರುತ್ತಾರೆ. ಇದಕ್ಕೆ ಹೆಚ್ಚು ಖರ್ಚು ಏನೂ ಇಲ್ಲ, ಅರ್ಧ ಗಂಟೆ ಹೆಚ್ಚು ಹೊತ್ತು ಬೇಕು ಅಷ್ಟೆ.

ಎಷ್ಟು ತಿನ್ನಬೇಕು, ಎಷ್ಟು ಹೊತ್ತು ಇಡಬಹುದು?

ಉಪ್ಪು ಹಾಕಿ, ಒಣಗಿಸಿ, ಹೊಗೆ ಹಾಕಿ ಕಾಪಿಟ್ಟ ಮಾಂಸವನ್ನು ವಿಶ್ವ ಆರೋಗ್ಯ ಸಂಸ್ಥೆಯ ಕ್ಯಾನ್ಸರ್ ಸಂಶೋಧನಾ ವಿಭಾಗ 2015ರಲ್ಲಿ ಕ್ಯಾನ್ಸರ್ ತರಬಲ್ಲ ವಸ್ತುಗಳ ಪಟ್ಟಿಗೆ ಸೇರಿಸಿದೆ. ದಿನವೂ 50 ಗ್ರಾಂ ತಿನ್ನುವವರಲ್ಲಿ ದೊಡ್ಡ ಕರುಳಿನ ಕ್ಯಾನ್ಸರಿನ ಅಪಾಯ ನೂರಕ್ಕೆ 18ರಷ್ಟು ಹೆಚ್ಚುತ್ತದೆ ಎಂಬುದು ಅದರ ಅಂದಾಜು. ನಮ್ಮ ಅಳತೆಯಲ್ಲಿ ಒಂದು ಸ್ಕೋನಿಗೆ ಬರುವುದು 4 ಗ್ರಾಂ ಒಣ ಮಾಂಸ. ಹಬ್ಬಕ್ಕೋ ಮೇಳಕ್ಕೋ ತಿನ್ನಲು ಹೆದರಬೇಕಿಲ್ಲ, ದಿನದ ನಾಷ್ಟಾ ಮಾಡಿಕೊಳ್ಳಬೇಡಿ. ಮನೆಯಲ್ಲಿ ರಕ್ತದೊತ್ತಡ ಇರುವ ಹಿರಿಯರಿದ್ದರೆ ಉಪ್ಪಿನ ಲೆಕ್ಕವನ್ನೂ ಅವರಿಗೆ ಹೇಳಿ ಕೊಡಿ.

ಒಣ ಮಾಂಸ ತಿಂಗಳುಗಟ್ಟಲೆ ಉಳಿಯುತ್ತದೆ, ಆದರೆ ಅದೇ ಮಾಂಸ ನೆನೆದು ಸ್ಕೋನಿನೊಳಗೆ ಸೇರಿದ ಮೇಲೆ ಉಳಿಯುವುದಿಲ್ಲ. ತೆಗೆದ ನೀರನ್ನು ನಾವೇ ಮತ್ತೆ ಸೇರಿಸಿದ್ದೇವಲ್ಲ! ಮಾಡಿದ ದಿನವೇ ತಿಂದು ಮುಗಿಸಿ. ಉಳಿದರೆ ಫ್ರಿಜ್‌ನಲ್ಲಿಟ್ಟು ಮರುದಿನ ಚೆನ್ನಾಗಿ ಬಿಸಿ ಮಾಡಿ ತಿನ್ನಿ. ಹಾಸ್ಟೆಲಿನವರು ಡಬ್ಬಿಯಲ್ಲಿಟ್ಟು ಮೂರು ದಿನ ತಿನ್ನುವ ಯೋಜನೆ ಹಾಕಬೇಡಿ. ಅದಕ್ಕೆ ಖಾರಿಯೇ ವಾಸಿ.

ಮಾಡಿ ನೋಡಿದವರು ಏನು ಬದಲಿಸಿದಿರಿ, ಹೇಗೆ ಬಂತು ಎಂದು ಚೀಟಿಯಲ್ಲಿ ಬರೆದು ಗ್ರಂಥಾಲಯದ ಮುಂದಿರುವ ನಮ್ಮ ಪತ್ರಿಕೆಯ ಪೆಟ್ಟಿಗೆಗೆ ಹಾಕಿ. ಮಾಂಸ, ಮೆಣಸಿನಕಾಯಿ, ಸಂಡಿಗೆ, ಹಪ್ಪಳ ಯಾವುದೇ ಇರಲಿ, ಒಣಗಿಸುವ ಬೇರೆ ಕ್ರಮ ನಿಮ್ಮ ಮನೆಯ ಹಿರಿಯರಿಗೆ ಗೊತ್ತಿದ್ದರೆ ಅದನ್ನೂ ಅವರ ಮಾತಿನಲ್ಲೇ ಬರೆದುಕೊಡಿ. ಮುಂದಿನ ಸಂಚಿಕೆಯಲ್ಲಿ ಅವೆಲ್ಲವನ್ನೂ ಒಟ್ಟಿಗೆ ಹಾಕೋಣ.